ನಮ್ಮ ಹುಡುಗಿಯರಿಗೆ ಪಂದ್ಯ ಕೊಡಿ

ಇವರಿಗೆ,
ದೇಶದ, ರಾಜ್ಯದ ಮತ್ತು ಜಿಲ್ಲೆಗಳ ಫುಟ್‌ಬಾಲ್ ಆಡಳಿತ ನಡೆಸುವ ಪದಾಧಿಕಾರಿಗಳಿಗೆ,
ಶಾಲಾ ಕ್ರೀಡಾಕೂಟಗಳ ಹೊಣೆ ಹೊತ್ತ ಅಧಿಕಾರಿಗಳಿಗೆ

ವಿಷಯ: ಫುಟ್‌ಬಾಲ್ ಆಡುವ ಹೆಣ್ಣುಮಕ್ಕಳಿಗೆ ಆಡಲು ಪಂದ್ಯಗಳೇ ಸಿಗದಿರುವ ಬಗ್ಗೆ

ಮಾನ್ಯರೇ,

ಮಣಿಪುರದ ಓಯಿನಾಮ್ ಬೆಂಬೆಮ್ ದೇವಿ ಭಾರತದ ಪರ ಮೊದಲ ಅಂತರರಾಷ್ಟ್ರೀಯ ಪಂದ್ಯ ಆಡಿದ್ದು 1995ರಲ್ಲಿ, ಗುವಾಮ್ ವಿರುದ್ಧ. ಆಗ ಅವರಿಗೆ 15 ವರ್ಷ. ಕೊನೆಯದಾಗಿ ಭಾರತದ ಅಂಗಿ ತೊಟ್ಟಿದ್ದು 2016ರ ಫೆಬ್ರುವರಿಯಲ್ಲಿ, ದಕ್ಷಿಣ ಏಷ್ಯಾ ಕ್ರೀಡಾಕೂಟದಲ್ಲಿ. ಶಿಲ್ಲಾಂಗ್‌ನಲ್ಲಿ ನಡೆದ ಆ ಫೈನಲ್‌ನಲ್ಲಿ ನೇಪಾಳವನ್ನು 4-0ಯಿಂದ ಸೋಲಿಸಿ ನಮ್ಮ ತಂಡ ಚಿನ್ನ ಗೆದ್ದಿತು. ಎರಡು ದಶಕಕ್ಕೂ ಮೀರಿ ಭಾರತದ ಮಿಡ್‌ಫೀಲ್ಡ್ ಎಂದರೆ ಬೆಂಬೆಮ್ ದೇವಿ. ಅವರು ಭಾರತ ತಂಡದಿಂದ ನಿವೃತ್ತರಾದ ಅದೇ ವರ್ಷದ ಅಕ್ಟೋಬರ್‌ನಲ್ಲಿ, ಕಟಕ್‌ನಲ್ಲಿ, ಈ ದೇಶದ ಮೊಟ್ಟಮೊದಲ ರಾಷ್ಟ್ರೀಯ ಮಹಿಳಾ ಲೀಗ್‌ನ ಪ್ರಾಥಮಿಕ ಸುತ್ತು ಶುರುವಾಯಿತು.

ಊರೆಲ್ಲ ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದರು ಎನ್ನುವುದು ಇದಕ್ಕೇ. ಗಂಡಸರ ರಾಷ್ಟ್ರೀಯ ಲೀಗ್ ಆರಂಭವಾದದ್ದು 1996ರಲ್ಲಿ, ಅಂದರೆ ಬೆಂಬೆಮ್ ದೇವಿ ಭಾರತ ತಂಡಕ್ಕೆ ಬಂದ ಮರುವರ್ಷ. ಹೆಂಗಸರ ಲೀಗ್‌ಗೆ ಇನ್ನೂ 20 ವರ್ಷ ಬೇಕಾಯಿತು. ಆ 20 ವರ್ಷ ಒಬ್ಬ ಆಟಗಾರ್ತಿಯ ಹದಿನಾರರಿಂದ ಮೂವತ್ತಾರರವರೆಗಿನ ಪೂರ್ತಿ ಆಯುಷ್ಯ. ರಾಷ್ಟ್ರೀಯ ಚಾಂಪಿಯನ್‌ಷಿಪ್, ಆಗೊಮ್ಮೆ ಈಗೊಮ್ಮೆ ರಾಷ್ಟ್ರೀಯ ಕ್ರೀಡಾಕೂಟ, ಕರೆದಾಗ ಕ್ಯಾಂಪ್. ಇಷ್ಟರಲ್ಲೇ ಅವರು ತಮ್ಮ ಆಟವನ್ನು ಕಾಪಾಡಿಕೊಳ್ಳಬೇಕಿತ್ತು. ಕೊನೆಗೆ ಲೀಗ್ ಬಂದಾಗ ಅದರ ಮೊದಲ ಕಿರೀಟ ಮಣಿಪುರದ ಈಸ್ಟರ್ನ್ ಸ್ಪೋರ್ಟಿಂಗ್ ಯೂನಿಯನ್ ಪಾಲಾಯಿತು, ಆ ತಂಡವನ್ನು ಮುನ್ನಡೆಸಿದವರೂ ಬೆಂಬೆಮ್ ದೇವಿಯವರೇ.

ನಾನು ಸರ್ಕಾರಿ ಪ್ರೌಢಶಾಲೆಯೊಂದರ ದೈಹಿಕ ಶಿಕ್ಷಣ ಶಿಕ್ಷಕಿ. ಫುಟ್‌ಬಾಲ್ ನಾನು ಆಡಿ ಬೆಳೆದ ಆಟ, ಈಗ ಕಲಿಸುವ ಆಟ. ಪದಕ, ಪುರಸ್ಕಾರ, ಸನ್ಮಾನ ಕೇಳಲು ಈ ಪತ್ರ ಬರೆಯುತ್ತಿಲ್ಲ. ಬೆಂಬೆಮ್ ದೇವಿಯವರಿಗೆ 2017ರಲ್ಲಿ ಅರ್ಜುನ ಪ್ರಶಸ್ತಿ, 2020ರಲ್ಲಿ ಪದ್ಮಶ್ರೀ ಬಂತು. ಪದ್ಮಶ್ರೀ ಪಡೆದ ಮೊದಲ ಮಹಿಳಾ ಫುಟ್‌ಬಾಲ್ ಆಟಗಾರ್ತಿ ಅವರು. ಸಂತೋಷದ ಸಂಗತಿ. ಆದರೆ ಎರಡೂ ಬಂದದ್ದು ಅವರು ಭಾರತ ತಂಡದಿಂದ ನಿವೃತ್ತರಾದ ಮೇಲೆ. ಆಡುವಾಗ ಅವರಿಗೆ ಬೇಕಿದ್ದದ್ದು ಪಂದ್ಯ, ಅದೇ ಸಾಲದಾಯಿತು. ನನ್ನ ದೂರು ಅಷ್ಟೇ. ಇಂದಿಗೂ, ನಮ್ಮ ತಾಲ್ಲೂಕಿನ ಮೈದಾನದಿಂದ ಹಿಡಿದು ರಾಷ್ಟ್ರೀಯ ತಂಡದವರೆಗೆ, ಹುಡುಗಿಯರಿಗೆ ಸಾಕಷ್ಟು ಪಂದ್ಯಗಳಿಲ್ಲ.

ಮಿಡ್‌ಫೀಲ್ಡರ್‌ಗಳ ಬಗ್ಗೆಯೇ ಯಾಕೆ ಬರೆಯುತ್ತಿದ್ದೇನೆ ಎಂದು ಹೇಳಬೇಕು. ಫಾರ್ವರ್ಡ್ ಆಡುವವಳು ಗೋಡೆಗೆ ಚೆಂಡು ಹೊಡೆದು ಹೊಡೆದು ಗುರಿ ಕಲಿಯಬಹುದು. ಗೋಲ್‌ಕೀಪರ್‌ಗೆ ಚೆಂಡು ಒದೆಯಲು ಒಬ್ಬ ಗೆಳತಿ ಸಿಕ್ಕರೆ ಸಂಜೆಯ ಅಭ್ಯಾಸ ಸಾಗುತ್ತದೆ. ಮಿಡ್‌ಫೀಲ್ಡರ್ ಹಾಗೆ ಒಂಟಿಯಾಗಿ ಕಲಿಯಲಾರಳು. ಉಳಿದ 21 ಜನ ಎಲ್ಲಿದ್ದಾರೆ, ಇನ್ನೆರಡು ಕ್ಷಣದಲ್ಲಿ ಎಲ್ಲಿರುತ್ತಾರೆ ಎಂದು ನೋಡಿ ತಿಳಿಯುವುದೇ ಅವಳ ಕೆಲಸ. ಬೆನ್ನ ಹಿಂದೆ ಯಾರಾದರೂ ಮೈಮೇಲೆ ಬರುತ್ತಿದ್ದಾರೆಯೇ, ತಿರುಗಲು ಜಾಗವಿದೆಯೇ, ಎಡಗಡೆಯವಳು ಓಡಲು ತಯಾರಿದ್ದಾಳೆಯೇ, ಇದೆಲ್ಲ ಚೆಂಡು ಕಾಲಿಗೆ ಬರುವ ಮೊದಲೇ ಗೊತ್ತಿರಬೇಕು. ಇದನ್ನು ಕೋನ್ ಇಟ್ಟು ಕಲಿಸಲಾಗದು, ಹಲಗೆಯ ಮೇಲೆ ಚಿತ್ರ ಬರೆದು ಕಲಿಸಲಾಗದು. ಎದುರಿಗೆ ನಿಜವಾದ ತಂಡ ಇರಬೇಕು, ಸೋಲುವ ಭಯ ಇರಬೇಕು, ಎಪ್ಪತ್ತನೇ ನಿಮಿಷದ ಆಯಾಸ ಇರಬೇಕು. ಪಂದ್ಯ ಕಡಿಮೆಯಾದರೆ ಎಲ್ಲರಿಗೂ ನಷ್ಟವೇ, ಆದರೆ ಮೊದಲು ಸೊರಗುವುದು ನಡುಭಾಗದ ಆಟ. ನಡುಭಾಗ ಸೊರಗಿದ ತಂಡ ಚೆಂಡನ್ನು ಹಿಂದಿನಿಂದ ಮುಂದಕ್ಕೆ ಎತ್ತಿ ಒದೆಯುವುದನ್ನೇ ಆಟ ಎಂದುಕೊಳ್ಳುತ್ತದೆ. ನಮ್ಮ ಶಾಲಾ ಕ್ರೀಡಾಕೂಟಗಳಲ್ಲಿ ಹುಡುಗಿಯರ ಫುಟ್‌ಬಾಲ್ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ನಮ್ಮ ಶಾಲೆಯಲ್ಲಿ ಒಬ್ಬ ಹುಡುಗಿ ಇದ್ದಳು. ಹೆಸರು ಬೇಡ. ಎಂಟನೇ ತರಗತಿಗೆ ಬಂದಾಗ ಸಣ್ಣಗೆ, ಗಾಳಿಗೆ ಹಾರಿಹೋಗುವ ಹಾಗಿದ್ದಳು. ನಮ್ಮ ಮೈದಾನದ ಅರ್ಧ ಭಾಗದಲ್ಲಿ ಹುಡುಗರ ಕ್ರಿಕೆಟ್ ನಡೆಯುತ್ತದೆ, ಉಳಿದರ್ಧ ನಮ್ಮದು. ಖೋ-ಖೋ ಕಂಬಗಳೇ ನಮ್ಮ ಗೋಲು. ಐದೈದು ಜನರ ಆಟ. ಮೊದಲ ವಾರದಲ್ಲೇ ಅವಳಲ್ಲಿ ಒಂದು ವಿಶೇಷ ಕಂಡೆ. ಚೆಂಡು ತನ್ನ ಕಡೆ ಬರುತ್ತಿದೆ ಎಂದಾಗ ಎಲ್ಲ ಮಕ್ಕಳೂ ಚೆಂಡನ್ನೇ ನೋಡುತ್ತಾರೆ. ಇವಳು ಎರಡು ಸಲ ಕತ್ತು ಹೊರಳಿಸಿ ಹಿಂದಕ್ಕೆ ನೋಡುತ್ತಿದ್ದಳು. ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ. ಆಮೇಲೆ ಚೆಂಡನ್ನು ಆಚೆ ಬದಿಯ ಕಾಲಲ್ಲಿ ತಡೆದು, ಅದೇ ಓಟದಲ್ಲಿ ಅರ್ಧ ಸುತ್ತು ತಿರುಗಿ, ಖಾಲಿ ಇದ್ದವಳಿಗೆ ಕೊಟ್ಟುಬಿಡುತ್ತಿದ್ದಳು. ಯಾರೂ ಹೇಳಿಕೊಟ್ಟದ್ದಲ್ಲ. ದೊಡ್ಡ ಮೈದಾನದಲ್ಲಿ ತರಬೇತಿ ಪಡೆದ ಹುಡುಗಿಯರಿಗೆ ವರ್ಷಗಟ್ಟಲೆ ಕಲಿಸಿದರೂ ಬಾರದ ಅಭ್ಯಾಸ ಅದು.

ಅವಳಿಗೆ ನಾವು ಕೊಟ್ಟದ್ದೇನು? ಜಿಲ್ಲಾ ಮಟ್ಟದ ಕೂಟದಲ್ಲಿ ಹುಡುಗಿಯರ ಫುಟ್‌ಬಾಲ್‌ಗೆ ಹೆಸರು ಕೊಟ್ಟಿದ್ದ ಇನ್ನೊಂದೇ ತಂಡ ಅಂದು ಬರಲಿಲ್ಲ. ವಾಕ್‌ಓವರ್. ಒಂದು ಪಾಸ್ ಕೂಡ ಕೊಡದೆ ನಮ್ಮ ಮಕ್ಕಳು ಜಿಲ್ಲಾ ಚಾಂಪಿಯನ್ನರಾದರು, ಪ್ರಮಾಣಪತ್ರ ಹಿಡಿದು ಫೋಟೊ ತೆಗೆಸಿಕೊಂಡರು. ವಿಭಾಗ ಮಟ್ಟದಲ್ಲಿ ಎದುರಾಳಿ ಸಿಕ್ಕರು. ಆದರೆ ಹುಡುಗರ ಫೈನಲ್‌ಗೆ ಮೈದಾನ ಬೇಕು ಎಂದು ಹುಡುಗಿಯರ ಪಂದ್ಯವನ್ನು ಹತ್ತು ಹತ್ತು ನಿಮಿಷಕ್ಕೆ ಮುಗಿಸಿದರು. ಮಳೆಗೆ ಕೆಸರಾಗಿದ್ದ ನೆಲ, ಚೆಂಡು ಉರುಳುತ್ತಲೇ ಇರಲಿಲ್ಲ. ಅಷ್ಟರಲ್ಲೂ ಅವಳು ತಂಡವನ್ನು ಗೆಲ್ಲಿಸಿದಳು ಎಂಬುದು ನನಗೆ ಕಂಡಿತು, ಅಲ್ಲಿ ಕುಳಿತವರಿಗೆ ಕಾಣಲಿಲ್ಲ.

ಆಮೇಲೆ ಆಯ್ಕೆ ಟ್ರಯಲ್ಸ್. ಪೂರ್ತಿ ಅಳತೆಯ ಮೈದಾನದಲ್ಲಿ, ಹನ್ನೊಂದು ಜನರ ತಂಡದಲ್ಲಿ ಅವಳು ಜೀವನದಲ್ಲಿ ಮೊದಲ ಬಾರಿ ಆಡಿದ್ದು ಅಲ್ಲಿ, ತನ್ನನ್ನು ಅಳೆಯಲು ಕುಳಿತವರ ಎದುರಿಗೆ. ಎಂದಿನಂತೆ ಕತ್ತು ಹೊರಳಿಸಿ ನೋಡಿದಳು, ಖಾಲಿ ಇದ್ದವಳು ಕಂಡಳು. ಆದರೆ ಆಕೆ ಇದ್ದದ್ದು ನಮ್ಮ ಅರ್ಧ ಮೈದಾನದ ಮೂರರಷ್ಟು ದೂರದಲ್ಲಿ. ಅಷ್ಟು ದೂರದ ಪಾಸ್ ಕೊಟ್ಟು ಅವಳ ಕಾಲಿಗೆ ಅಭ್ಯಾಸವೇ ಇರಲಿಲ್ಲ. ಚೆಂಡು ನಡುವೆಯೇ ಎದುರಾಳಿಯ ಪಾಲಾಯಿತು. ಎರಡು ಮೂರು ಸಲ ಹೀಗಾದ ಮೇಲೆ ಅವಳು ಚೆಂಡು ಕೇಳುವುದನ್ನೇ ಬಿಟ್ಟಳು. ಗೋಲು ಹೊಡೆದವರ ಅಂಗಿಯ ನಂಬರನ್ನು ಆಯ್ಕೆದಾರರು ಬರೆದುಕೊಂಡರು. ಅವರನ್ನು ನಾನು ಬೈಯಲಾರೆ. ಅರ್ಧ ಗಂಟೆಯ ಆಟದಲ್ಲಿ ಕಣ್ಣಿಗೆ ಬೀಳುವುದು ಗೋಲೇ.

ಮರುವರ್ಷ ಅವಳು ನನ್ನ ಬಳಿ ಬಂದು, "ಥ್ರೋಬಾಲ್‌ಗೆ ಸೇರ್ತೀನಿ ಮಿಸ್, ಅದರಲ್ಲಾದ್ರೂ ಮ್ಯಾಚ್ ಇರುತ್ತೆ" ಎಂದಳು. ತಡೆಯಲು ನನ್ನಲ್ಲಿ ಮಾತಿರಲಿಲ್ಲ. ಅವಳು ಹೇಳಿದ್ದು ಸರಿಯಾಗಿಯೇ ಇತ್ತು.

ಇದು ಒಂದು ಶಾಲೆಯ ಕತೆ ಎಂದು ತಳ್ಳಿಹಾಕಬೇಡಿ. ಮೇಲಿನ ಹಂತದಲ್ಲೂ ಇದೇ ನಡೆದಿದೆ. 1975ರಲ್ಲಿ ಮಹಿಳಾ ಫುಟ್‌ಬಾಲ್‌ಗೆಂದೇ ಒಂದು ಫೆಡರೇಷನ್ ಹುಟ್ಟಿತು, ಲಖನೌದಲ್ಲಿ ಮೊದಲ ರಾಷ್ಟ್ರೀಯ ಚಾಂಪಿಯನ್‌ಷಿಪ್ ನಡೆಯಿತು. ಕೆಲವೇ ವರ್ಷಗಳಲ್ಲಿ, ಕೋಯಿಕ್ಕೋಡ್‌ನಲ್ಲಿ ನಡೆದ ಏಷ್ಯನ್ ಚಾಂಪಿಯನ್‌ಷಿಪ್‌ನಲ್ಲಿ ನಮ್ಮವರು ಫೈನಲ್ ತಲುಪಿದರು. 1983ರಲ್ಲಿ ಬ್ಯಾಂಕಾಕ್‌ನಲ್ಲಿ ಮತ್ತೊಮ್ಮೆ ರನ್ನರ್ ಅಪ್. ಆಟಗಾರ್ತಿ ಶಾಂತಿ ಮಲ್ಲಿಕ್ ಅವರಿಗೆ ಅರ್ಜುನ ಪ್ರಶಸ್ತಿ ಬಂದದ್ದು ಆ ವರ್ಷವೇ. ಮುಂದಿನ ಮಹಿಳಾ ಫುಟ್‌ಬಾಲ್ ಆಟಗಾರ್ತಿಗೆ ಅದು ಸಿಗಲು 34 ವರ್ಷ ಹಿಡಿಯಿತು. ನಮ್ಮ ಬೆಂಗಳೂರಿನ ಚಿತ್ರಾ ಗಂಗಾಧರನ್ ಆ ಕಾಲದ ಭಾರತ ತಂಡದವರು, ಏಷ್ಯನ್ ಆಲ್ ಸ್ಟಾರ್ ತಂಡಕ್ಕೂ ಆಯ್ಕೆಯಾಗಿದ್ದವರು. ಹೀಗೆ ಏಷ್ಯಾದಲ್ಲಿ ಎರಡನೇ ಸ್ಥಾನಕ್ಕೆ ಬಂದಿದ್ದ ದೇಶ, 1998ರ ಬ್ಯಾಂಕಾಕ್ ಏಷ್ಯನ್ ಗೇಮ್ಸ್‌ನಲ್ಲಿ ಚೀನಾ ಎದುರು 16-0ಯಿಂದ ಸೋತಿತು. ನಮ್ಮ ಹುಡುಗಿಯರ ಕಾಲಿನ ಬಲ ಹದಿನೈದು ವರ್ಷದಲ್ಲಿ ಬತ್ತಿಹೋಯಿತೇ? ಚೀನಾ, ಜಪಾನ್, ಕೊರಿಯಾ ತಮ್ಮ ಹೆಣ್ಣುಮಕ್ಕಳನ್ನು ಬಿಡದೆ ಆಡಿಸಿದವು, ನಾವು ಆಡಿಸಲಿಲ್ಲ.

2009ರಲ್ಲಂತೂ ಬಹುಕಾಲ ಒಂದೂ ಅಂತರರಾಷ್ಟ್ರೀಯ ಪಂದ್ಯ ಆಡಲಿಲ್ಲ ಎಂಬ ಕಾರಣಕ್ಕೆ ಫಿಫಾ ಶ್ರೇಯಾಂಕ ಪಟ್ಟಿಯಿಂದಲೇ ಭಾರತದ ಮಹಿಳಾ ತಂಡದ ಹೆಸರು ಬಿಟ್ಟುಹೋಯಿತು. ಸೋತು ಕೆಳಗಿಳಿದದ್ದಲ್ಲ, ಆಡದೆ ಪಟ್ಟಿಯಿಂದ ಹೊರಬಿದ್ದದ್ದು. ಆ ವರ್ಷ ಬೆಂಬೆಮ್ ದೇವಿಗೆ 29. ಮಿಡ್‌ಫೀಲ್ಡರ್‌ಗೆ ಅನುಭವವೂ ಉಸಿರೂ ಒಟ್ಟಿಗೆ ಕೂಡಿಬರುವ ವಯಸ್ಸು ಅದು. ಚಿಕ್ಕವರಿದ್ದಾಗ ಇಂಫಾಲದಲ್ಲಿ ಹುಡುಗರ ಜೊತೆ ಆಡಲೆಂದು ಬೋಬೊ, ಆಮ್ಕೊ ಎಂದು ಹುಡುಗರ ಹೆಸರಿಟ್ಟುಕೊಂಡು ಮೈದಾನಕ್ಕಿಳಿದಿದ್ದರಂತೆ. ಅಷ್ಟು ಹಟದಿಂದ ಆಟಕ್ಕೆ ಬಂದವರನ್ನು, ಆಟ ಮಾಗಿದ ಹೊತ್ತಿಗೆ ನಾವು ಮನೆಯಲ್ಲಿ ಕೂರಿಸಿದೆವು. ಮುಂದೆ 2010, 2012, 2014ರ ದಕ್ಷಿಣ ಏಷ್ಯಾದ ಸ್ಯಾಫ್ ಚಾಂಪಿಯನ್‌ಷಿಪ್‌ಗಳನ್ನು ಭಾರತ ಗೆದ್ದಾಗಲೂ ಅವರು ಇದ್ದರು. 2014ರಲ್ಲಿ ಕ್ಲಬ್ ಫುಟ್‌ಬಾಲ್ ಆಡಲು ಅವರು ಹೋಗಬೇಕಾದದ್ದು ಮಾಲ್ಡೀವ್ಸ್‌ಗೆ, ನ್ಯೂ ರೇಡಿಯಂಟ್ ಕ್ಲಬ್‌ಗೆ. ನಮ್ಮ ಒಂದು ಜಿಲ್ಲೆಯಷ್ಟೂ ಜನರಿಲ್ಲದ ದ್ವೀಪಗಳ ದೇಶ ಅದು. ಅಲ್ಲಿ ಇದ್ದ ಅವಕಾಶ ಇಲ್ಲಿ ಇರಲಿಲ್ಲ.

ಬೆಂಬೆಮ್ ದೇವಿ ಭಾರತ ತಂಡಕ್ಕೆ ಬಂದ ಅದೇ 1995ರಲ್ಲಿ ಬ್ರೆಜಿಲ್‌ನ ಇನ್ನೊಬ್ಬ ಮಿಡ್‌ಫೀಲ್ಡರ್ ತನ್ನ ಮೊದಲ ವಿಶ್ವಕಪ್ ಆಡಿದಳು. ಹೆಸರು ಫೋರ್ಮಿಗಾ, ವಯಸ್ಸು 17. ಅವಳು ಹುಟ್ಟಿದ 1978ರಲ್ಲಿ ಅವಳ ದೇಶದಲ್ಲಿ ಹೆಂಗಸರು ಫುಟ್‌ಬಾಲ್ ಆಡುವುದು ಕಾನೂನಿಗೆ ವಿರುದ್ಧವಾಗಿತ್ತು. 1941ರಲ್ಲಿ ಬಂದ ಆ ನಿಷೇಧ ತೆರವಾದದ್ದು 1979ರಲ್ಲಿ. ನಮ್ಮಲ್ಲಿ ಅಂಥ ಕಾನೂನು ಎಂದೂ ಇರಲಿಲ್ಲ. ಆದರೂ ಫೋರ್ಮಿಗಾ ಏಳು ಒಲಿಂಪಿಕ್ಸ್ ಆಡಿದಳು, 2019ರವರೆಗೆ ಏಳು ವಿಶ್ವಕಪ್ ಆಡಿದಳು. ಏಳು ವಿಶ್ವಕಪ್ ಆಡಿದವರು ಗಂಡಸರಲ್ಲಿ ಹೆಂಗಸರಲ್ಲಿ ಜಗತ್ತಿನಲ್ಲಿ ಇನ್ನೊಬ್ಬರಿಲ್ಲ. ಬ್ರೆಜಿಲ್ ತನ್ನ ಹೆಣ್ಣುಮಕ್ಕಳನ್ನು ಅಂಗೈಯಲ್ಲಿಟ್ಟು ಸಾಕಿತು ಎಂದು ನಾನು ಹೇಳುತ್ತಿಲ್ಲ, ಅವರಿಗೂ ಅವರದೇ ಆದ ಹೋರಾಟಗಳಿದ್ದವು. ಆದರೆ ಆಡಲು ದೊಡ್ಡ ಪಂದ್ಯಗಳಿದ್ದವು. 2021ರ ನವೆಂಬರ್ 25ರಂದು ಮನೌಸ್ ನಗರದಲ್ಲಿ ಫೋರ್ಮಿಗಾಗೆ ಬೀಳ್ಕೊಡುಗೆಯ ಪಂದ್ಯ. ಎದುರಾಳಿ ಭಾರತ. 43ರ ಹರೆಯದ ಆಕೆ ದ್ವಿತೀಯಾರ್ಧದಲ್ಲಿ ಮೈದಾನಕ್ಕಿಳಿದಾಗ ಎದುರಿಗೆ ನಮ್ಮ ಹುಡುಗಿಯರಿದ್ದರು. ಬ್ರೆಜಿಲ್ 6-1ರಿಂದ ಗೆದ್ದಿತು, ನಮ್ಮ ಒಂದು ಗೋಲು ಮನೀಷಾ ಕಲ್ಯಾಣ್ ಅವರದು. ಆ ಒಂದು ಗೋಲಿಗೆ ನಾನು ಕುಣಿದಾಡಿದ್ದೆ. ಸೋತರೂ ಅಂಥ ಪಂದ್ಯ ಬೇಕು. ಅದು ವರ್ಷಕ್ಕೆ ಹಲವು ಸಲ ಬೇಕು.

2022ರ ಸಂಗತಿ ಬರೆಯಲು ಬೇಸರ. ಜನವರಿಯಲ್ಲಿ ನಮ್ಮ ನೆಲದಲ್ಲೇ ಏಷ್ಯನ್ ಕಪ್. ಇರಾನ್ ಜೊತೆ 0-0 ಆಡಿದ ಮೇಲೆ ಶಿಬಿರಕ್ಕೆ ಕೋವಿಡ್ ನುಗ್ಗಿ, ನಿಯಮದಂತೆ ಬೇಕಿದ್ದ ಕನಿಷ್ಠ ಹದಿಮೂರು ಆಟಗಾರ್ತಿಯರನ್ನು ಹೊಂದಿಸಲಾಗದೆ ತಂಡ ಹೊರಬಿತ್ತು. ಆಗಸ್ಟ್‌ನಲ್ಲಿ ಫಿಫಾ ನಮ್ಮ ಫೆಡರೇಷನ್ನನ್ನೇ ಅಮಾನತು ಮಾಡಿದಾಗ, ಏಷ್ಯಾದ ಕ್ಲಬ್ ಚಾಂಪಿಯನ್‌ಷಿಪ್ ಆಡಲು ತಾಷ್ಕೆಂಟ್ ತಲುಪಿದ್ದ ಗೋಕುಲಂ ಕೇರಳದ ಹುಡುಗಿಯರು ಒಂದೂ ಪಂದ್ಯ ಆಡದೆ ವಾಪಸಾದರು. ಕುರ್ಚಿಗಾಗಿ ಜಗಳ ಆಡಿದವರು ಯಾರೋ, ದಂಡ ತೆತ್ತವರು ಇವರು.

ಆದದ್ದನ್ನೆಲ್ಲ ಅಲ್ಲಗಳೆಯುವವಳಲ್ಲ ನಾನು. ಮೊದಲ ಸಲದ ಮಹಿಳಾ ಲೀಗ್‌ನ ಅಂತಿಮ ಸುತ್ತು ದೆಹಲಿಯಲ್ಲಿ ಆರು ತಂಡಗಳ ನಡುವೆ ಮೂರು ವಾರದೊಳಗೆ ಮುಗಿದುಹೋಗಿತ್ತು. 2023-24ರಲ್ಲಿ ಅದು ಮೊದಲ ಬಾರಿಗೆ ತವರೂರು, ಪರವೂರು ಎರಡೂ ಕಡೆ ಆಡುವ ಲೀಗ್ ಆಯಿತು. ಏಳು ತಂಡ, ತಲಾ 12 ಪಂದ್ಯ. ನಮ್ಮ ಬೆಂಗಳೂರಿನ ಕಿಕ್‌ಸ್ಟಾರ್ಟ್ ಕ್ಲಬ್ ಅದಕ್ಕೆ ಮೊದಲಿನ ಸಲ ಫೈನಲ್‌ವರೆಗೆ ಹೋಗಿತ್ತು. ಒಳ್ಳೆಯದೇ ಆಯಿತು, ಸಾಲದು. ಸ್ಪೇನ್‌ನ ಮಹಿಳಾ ಲೀಗ್‌ನಲ್ಲಿ 16 ತಂಡ, ತಲಾ 30 ಪಂದ್ಯ. ಕಪ್ ಪಂದ್ಯಗಳು, ಯುರೋಪಿನ ಚಾಂಪಿಯನ್ಸ್ ಲೀಗ್, ದೇಶದ ಪಂದ್ಯಗಳು ಬೇರೆ. 2021ರಿಂದ 2025ರವರೆಗೆ ಸತತ ಐದು ವರ್ಷ ಜಗತ್ತಿನ ಶ್ರೇಷ್ಠ ಆಟಗಾರ್ತಿ ಎಂಬ ಬ್ಯಾಲನ್ ಡಿ'ಓರ್ ಅಲ್ಲಿನ ಒಂದೇ ಕ್ಲಬ್‌ನ ಇಬ್ಬರು ಮಿಡ್‌ಫೀಲ್ಡರ್‌ಗಳಿಗೆ ಹೋಯಿತು. ಮೊದಲೆರಡು ಸಲ ಅಲೆಕ್ಸಿಯಾ ಪುಟೆಯಾಸ್, ಆಮೇಲೆ ಮೂರು ಸಲ ಐತಾನಾ ಬೊನ್ಮಾತಿ. ಅವರ ಪ್ರತಿಭೆ ದೊಡ್ಡದು, ಆ ಪ್ರತಿಭೆಗೆ ಸಿಕ್ಕ ಪಂದ್ಯಗಳ ಲೆಕ್ಕವೂ ದೊಡ್ಡದು.

ಪಂದ್ಯ ಸಿಕ್ಕರೆ ನಮ್ಮವರು ಏನು ಮಾಡಬಲ್ಲರು ಎಂಬುದನ್ನು 2025ರ ಜುಲೈ 5ರಂದು ಚಿಯಾಂಗ್ ಮಾಯ್‌ನಲ್ಲಿ ಎಲ್ಲರೂ ನೋಡಿದ್ದೇವೆ. ಎರಡು ಸಲ ವಿಶ್ವಕಪ್ ಆಡಿದ್ದ ಥಾಯ್ಲೆಂಡನ್ನು ಅದರದೇ ನೆಲದಲ್ಲಿ 2-1ರಿಂದ ಸೋಲಿಸಿ, ಅರ್ಹತಾ ಸುತ್ತು ಗೆದ್ದು ಏಷ್ಯನ್ ಕಪ್‌ಗೆ ಭಾರತ ಹೋದದ್ದು ಅದೇ ಮೊದಲು. ಎರಡೂ ಗೋಲು ಬಂಗಾಳದ ಕಲ್ಯಾಣಿಯ ಸಂಗೀತಾ ಬಾಸ್ಫೋರ್ ಅವರದು. ಅವರು ಮಿಡ್‌ಫೀಲ್ಡರ್. ಅವರಿಗೆ ಕೆಲಸ ಕೊಟ್ಟಿದ್ದು ಸಶಸ್ತ್ರ ಸೀಮಾ ಬಲ, ಬೆಂಬೆಮ್ ದೇವಿಗೆ ಕೆಲಸ ಕೊಟ್ಟಿದ್ದು ಮಣಿಪುರ ಪೊಲೀಸ್. ಸಮವಸ್ತ್ರದ ಸಂಬಳ ಇವರ ಆಟವನ್ನು ಉಳಿಸಿದೆ ಎಂದರೆ ತಪ್ಪಿಲ್ಲ.

ಅದೇ ಅರ್ಹತಾ ಸುತ್ತಿನಲ್ಲಿ ಬಾಂಗ್ಲಾದೇಶವೂ ಗೆದ್ದು ಏಷ್ಯನ್ ಕಪ್ ಸೇರಿತು. ಹಿಂದೆ ನಾವು ಸುಲಭವಾಗಿ ಸೋಲಿಸುತ್ತಿದ್ದ ತಂಡ ಅದು. 2022 ಮತ್ತು 2024ರ ಸ್ಯಾಫ್ ಚಾಂಪಿಯನ್‌ಷಿಪ್ ಎರಡನ್ನೂ ಅದೇ ಗೆದ್ದಿತು. ಅವರನ್ನು ಕಂಡರೆ ನನಗೆ ಗೌರವ.

ಈಗ ನನ್ನ ಬೇಡಿಕೆ. ಮೇಲಿನವರಲ್ಲಿ ಕೇಳುವುದು ಇಷ್ಟೇ: ರಾಷ್ಟ್ರೀಯ ತಂಡಕ್ಕೆ ಫಿಫಾ ಬಿಟ್ಟುಕೊಡುವ ದಿನಗಳಲ್ಲಿ ಒಂದನ್ನೂ ಖಾಲಿ ಬಿಡಬೇಡಿ. ಮಹಿಳಾ ಲೀಗ್ ಯಾವ ತಿಂಗಳು ಶುರು, ಯಾವ ತಿಂಗಳು ಮುಕ್ತಾಯ ಎಂಬುದನ್ನು ಒಂದು ವರ್ಷ ಮೊದಲೇ ಹೇಳಿ. ದಿನಾಂಕ ಗೊತ್ತಿಲ್ಲದೆ ಯಾವ ಆಟಗಾರ್ತಿ ಕಚೇರಿಯಲ್ಲಿ ರಜೆ ಕೇಳಬೇಕು, ಯಾವ ತಾಯಿ ಮಗಳನ್ನು ಕಳುಹಿಸಲು ಒಪ್ಪಬೇಕು?

ನಮ್ಮ ರಾಜ್ಯದವರಲ್ಲಿ ಕೇಳುವುದು ಇನ್ನೂ ಸಣ್ಣದು, ಆದರೆ ನನಗೆ ಅದೇ ಮುಖ್ಯ. ಇಡೀ ವರ್ಷದ ಕ್ರೀಡಾಕೂಟವನ್ನು ಮಳೆಗಾಲದ ಕೆಲವೇ ವಾರಗಳಲ್ಲಿ ತುರುಕಿ ಮುಗಿಸುವುದನ್ನು ಬಿಡೋಣ. ಪ್ರತಿ ಜಿಲ್ಲೆಯಲ್ಲೂ ಹುಡುಗಿಯರಿಗೆ ಒಂದು ಲೀಗ್ ಇರಲಿ, 14 ವರ್ಷದೊಳಗಿನವರಿಗೆ ಒಂದು, 17 ವರ್ಷದೊಳಗಿನವರಿಗೆ ಒಂದು. ಶನಿವಾರ ಮಧ್ಯಾಹ್ನ ಸಾಕು. ಒಂದು ತಾಲ್ಲೂಕಿನಲ್ಲಿ ತಂಡವಾಗದಿದ್ದರೆ ಪಕ್ಕದ ತಾಲ್ಲೂಕಿನ ಮಕ್ಕಳನ್ನು ಸೇರಿಸಿ ತಂಡ ಕಟ್ಟೋಣ, ವಾಕ್‌ಓವರ್ ಕೊಟ್ಟು ಕೈತೊಳೆದುಕೊಳ್ಳುವುದು ಬೇಡ. ಬಸ್ ಚಾರ್ಜಿಗೆ ಅನುದಾನವಿಲ್ಲ ಎಂಬ ಉತ್ತರವನ್ನು ಹಿಂದೆ ಹಲವು ಸಲ ಕೇಳಿದ್ದೇನೆ. 2023ರ ಜೂನ್‌ನಿಂದ ಶಕ್ತಿ ಯೋಜನೆಯಲ್ಲಿ ನಮ್ಮ ಹೆಣ್ಣುಮಕ್ಕಳು ಸರ್ಕಾರಿ ಬಸ್ಸಿನಲ್ಲಿ ಟಿಕೆಟ್ಟಿಗೆ ಕಾಸು ಕೊಡದೆ ಓಡಾಡುತ್ತಿದ್ದಾರೆ. ಹುಡುಗರ ತಂಡಕ್ಕಿಂತ ಹುಡುಗಿಯರ ತಂಡವನ್ನು ಪಕ್ಕದ ಊರಿಗೆ ಕರೆದೊಯ್ಯುವುದು ಈಗ ಅಗ್ಗ. ಬೇಕಿರುವುದು ಮಧ್ಯಾಹ್ನದ ಊಟ, ಬಟ್ಟೆ ಬದಲಿಸಲು ಬಾಗಿಲಿರುವ ಒಂದು ಕೋಣೆ, ನೀರಿರುವ ಶೌಚಾಲಯ, ಮತ್ತು ಪೂರ್ತಿ ಹೊತ್ತು ಪಂದ್ಯ ನಡೆಸುವ ರೆಫರಿ.

ಆಯ್ಕೆಯ ವಿಚಾರದಲ್ಲೂ ಒಂದು ಮಾತು. ಒಂದು ದಿನದ ಟ್ರಯಲ್ಸ್‌ನಲ್ಲಿ ಮಿಡ್‌ಫೀಲ್ಡರ್ ಸಿಗುವುದಿಲ್ಲ. ಲೀಗ್ ನಡೆದರೆ ಆಯ್ಕೆದಾರರು ಅವಳನ್ನು ನಾಲ್ಕಾರು ಪಂದ್ಯಗಳಲ್ಲಿ ನೋಡಬಹುದು, ಸೋಲುವ ದಿನವೂ ನೋಡಬಹುದು. ಪ್ರತಿ ಪಂದ್ಯದಲ್ಲೂ ಯಾರು ಎಷ್ಟು ನಿಮಿಷ ಆಡಿದರು ಎಂಬುದನ್ನು ಬರೆದಿಡಿ, ಗೋಲು ಹೊಡೆದವರ ಹೆಸರನ್ನು ಮಾತ್ರವಲ್ಲ. ಹುಡುಗಿ ಎಸ್ಸೆಸ್ಸೆಲ್ಸಿ ಮುಗಿಸಿ ಪಿಯುಸಿಗೆ ಬೇರೆ ಊರಿಗೆ ಹೋದರೆ ಆ ಹಾಳೆ ಅವಳ ಜೊತೆ ಹೋಗಲಿ, ಅಲ್ಲಿನ ಕ್ಲಬ್‌ಗೆ ತೋರಿಸಲು ಅವಳ ಕೈಯಲ್ಲಿ ವಾಕ್‌ಓವರ್‌ನ ಪ್ರಮಾಣಪತ್ರಕ್ಕಿಂತ ಗಟ್ಟಿಯಾದದ್ದು ಏನಾದರೂ ಇರಲಿ.

ಮುಂದಿನ ಶೈಕ್ಷಣಿಕ ವರ್ಷ ಶುರುವಾಗುವ ಮೊದಲು ನಮ್ಮ ಜಿಲ್ಲೆಯ ಹುಡುಗಿಯರ ಪಂದ್ಯಗಳ ದಿನಾಂಕ, ಮೈದಾನ, ಎದುರಾಳಿ ಇಷ್ಟನ್ನು ಬರೆದ ಒಂದು ಪಟ್ಟಿಯನ್ನು ಶಾಲೆಗಳಿಗೆ ಕಳುಹಿಸಿ ಎಂದು ಕೋರುತ್ತೇನೆ. ಪೋಷಕರನ್ನು ಒಪ್ಪಿಸುವ ಕೆಲಸ, ಹೇಳಿದ ದಿನ ಹೇಳಿದ ಹೊತ್ತಿಗೆ ತಂಡವನ್ನು ಕರೆತರುವ ಕೆಲಸ ನನ್ನದು.

ಇಂತಿ,
ಸರ್ಕಾರಿ ಪ್ರೌಢಶಾಲೆಯ ಒಬ್ಬ ದೈಹಿಕ ಶಿಕ್ಷಣ ಶಿಕ್ಷಕಿ